61ರಲ್ಲಿ ಕ್ಯಾಮೆರಾ ಮುಂದೆ: ಮುಖ ಇದೆ, ಇನ್ನೇನು ಬೇಕು?

ಪ್ರಶ್ನೆ: ನನಗೀಗ 61. ನೌಕರಿಯಿಂದ ನಿವೃತ್ತಳಾಗಿದ್ದೇನೆ. ಮೂವತ್ತು ವರ್ಷ ಹವ್ಯಾಸಿ ನಾಟಕಗಳಲ್ಲಿ ಪಾತ್ರ ಮಾಡಿದ್ದೇನೆ. ತುಂಬಾ ಕುಳ್ಳಗಿದ್ದೇನೆ, ದನಿ ಗೊಗ್ಗರು, ಮೇಲಿನ ಹಲ್ಲು ಕಟ್ಟಿಸಿದ್ದು, ಕನ್ನಡಕವಿಲ್ಲದೆ ಹತ್ತಿರದ್ದು ಕಾಣುವುದಿಲ್ಲ. ಹೋದ ವರ್ಷ ವಿದ್ಯಾರ್ಥಿಗಳ ಕಿರುಚಿತ್ರವೊಂದರಲ್ಲಿ ನಟಿಸಿದೆ. ‘ಅಮ್ಮಾ, ಮುಖ ಸೂಪರ್, ಆಕ್ಟಿಂಗ್ ಸ್ವಲ್ಪ ಜಾಸ್ತಿ ಆಯ್ತು’ ಅಂದರು. ಎರಡನೇ ದಿನ ಮಾತು ಮರೆತು ತಡವರಿಸಿದೆ. ಈ ವಯಸ್ಸಲ್ಲಿ, ಈ ರೂಪದಲ್ಲಿ ಸಿನಿಮಾ, ಸೀರಿಯಲ್, ಜಾಹೀರಾತು ಅಂತ ಗಂಭೀರವಾಗಿ ಹೊರಡಬಹುದೇ? ಎಲ್ಲಿಂದ ಶುರು ಮಾಡಲಿ?

ಉತ್ತರ: ಹೊರಡಬಹುದು. ನೀವು ಕೊರತೆ ಎಂದು ಬರೆದಿರುವ ಎತ್ತರ, ದನಿ, ಹಲ್ಲು ಮೂರೂ ಕೊರತೆಗಳಲ್ಲ. ಇಪ್ಪತ್ತೈದರ ವಯಸ್ಸಿನ ಚೆಂದದ ಮುಖ ಎಷ್ಟು ಬೇಕಾದರೂ ಸಿಗುತ್ತದೆ. ಅರವತ್ತು ದಾಟಿದ, ಒಮ್ಮೆ ನೋಡಿದರೆ ಮರೆಯದಂಥ ಮುಖ ಸಿಗುವುದು ಕಷ್ಟ. ಅಂಥ ಮುಖ ಇದ್ದೂ ಒಂದೇ ಸೀನನ್ನು ಇಪ್ಪತ್ತು ಸಲ ಒಂದೇ ಹದದಲ್ಲಿ ಮಾಡಿಕೊಡಬಲ್ಲವರು ಇನ್ನೂ ಕಡಿಮೆ. ನಿಮ್ಮನ್ನು ಮೊದಲ ಸಲ ಕರೆಯುವುದು ಮುಖಕ್ಕಾಗಿ. ಎರಡನೇ ಸಲ ಕರೆಯುತ್ತಾರೋ ಇಲ್ಲವೋ ಎಂಬುದನ್ನು ನೀವೇ ಹೇಳಿರುವ ಆ ಎರಡು ಸಂಗತಿ ನಿರ್ಧರಿಸುತ್ತವೆ: ‘ಜಾಸ್ತಿ ಆಯ್ತು’ ಮತ್ತು ‘ಮಾತು ಮರೆತೆ’. ಈ ಉತ್ತರದ ಬಹುಪಾಲು ಅವೆರಡರ ಬಗ್ಗೆಯೇ.

ಮೊದಲು ವಯಸ್ಸಿನ ಅಂಜಿಕೆ ಬಿಡಿ. ಹಾಲಿವುಡ್ ನಟ ಸಿಡ್ನಿ ಗ್ರೀನ್‌ಸ್ಟ್ರೀಟ್ ಮೊದಲ ಸಿನಿಮಾದಲ್ಲಿ ಕಾಣಿಸಿಕೊಂಡಾಗ ಸರಿಯಾಗಿ ನಿಮ್ಮದೇ ವಯಸ್ಸು, 61. ಅದು 1941ರ ‘ದ ಮಾಲ್ಟೀಸ್ ಫಾಲ್ಕನ್’. ಭಾರೀ ದೇಹದ ಆ ಮನುಷ್ಯನಿಗೆ ಮೊದಲ ಚಿತ್ರಕ್ಕೇ ಆಸ್ಕರ್ ನಾಮನಿರ್ದೇಶನ ಬಂತು. 1949ಕ್ಕೆ ಚಿತ್ರಜೀವನ ಮುಗಿಸುವ ಹೊತ್ತಿಗೆ ಇಪ್ಪತ್ತಕ್ಕೂ ಹೆಚ್ಚು ಚಿತ್ರಗಳಾಗಿದ್ದವು. ಆದರೆ ಅದಕ್ಕೂ ಮೊದಲು ದಶಕಗಳ ಕಾಲ ರಂಗಭೂಮಿಯಲ್ಲಿ ದುಡಿದವರು ಅವರು. ಹಿಂದಿ ಚಿತ್ರಗಳ ನಟಿ ಜೊಹ್ರಾ ಸೆಹಗಲ್ ಹುಟ್ಟಿದ್ದು 1912ರಲ್ಲಿ. 1935ರಲ್ಲಿ ಉದಯ ಶಂಕರ್ ಅವರ ನೃತ್ಯ ತಂಡ ಸೇರಿದರು, ಆಮೇಲೆ 14 ವರ್ಷ ಪೃಥ್ವಿ ಥಿಯೇಟರ್ಸ್‌ನಲ್ಲಿದ್ದರು. ಇಂದಿನ ಪ್ರೇಕ್ಷಕರಿಗೆ ನೆನಪಿರುವ ತುಂಟ ಅಜ್ಜಿಯ ಪಾತ್ರಗಳೆಲ್ಲ 80 ದಾಟಿದ ಮೇಲಿನವು. ‘ಚೀನಿ ಕಮ್’ ತೆರೆಗೆ ಬಂದ 2007ರಲ್ಲಿ ಅವರಿಗೆ 95.

ಇನ್ನೊಂದು ದಾರಿಯೂ ಇದೆ. ‘ತಿಥಿ’ಯ ಗಡ್ಡಪ್ಪ, ಸೆಂಚುರಿ ಗೌಡ ಬಂದಿದ್ದು ಆ ದಾರಿಯಲ್ಲಿ. ಅವರು ನಟನೆ ಕಲಿತವರಲ್ಲ. ಅವರ ನಡಿಗೆ, ಮಾತಿನ ಲಯ, ಸುಮ್ಮನೆ ಕೂರುವ ರೀತಿಗೆ ತಕ್ಕಂತೆ ಚಿತ್ರ ರೂಪುಗೊಂಡಿತ್ತು, 2015ರಲ್ಲಿ ಸ್ವಿಟ್ಜರ್ಲೆಂಡ್‌ನ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿಯನ್ನೂ ಗೆದ್ದಿತು. ಅಲ್ಲಿ ನಿರ್ದೇಶಕ ವ್ಯಕ್ತಿಯ ಹತ್ತಿರ ಹೋಗುತ್ತಾನೆ, ವ್ಯಕ್ತಿ ಪಾತ್ರದ ಹತ್ತಿರ ಹೋಗಬೇಕಿಲ್ಲ. ಮೂವತ್ತು ವರ್ಷ ನಾಟಕ ಮಾಡಿದ ನಿಮಗೆ ಆ ದಾರಿ ಮುಚ್ಚಿದೆ, ಅದಕ್ಕಾಗಿ ಪೇಚಾಡಬೇಡಿ. ನಟನೆ ಗೊತ್ತಿಲ್ಲದವರ ಹಾಗೆ ನಟಿಸಲು ಹೊರಟರೆ ಎರಡೂ ಕೆಡುತ್ತದೆ.

ಈಗ ‘ಜಾಸ್ತಿ ಆಯ್ತು’ ಎಂಬ ಮಾತಿಗೆ ಬರೋಣ. ನಾಟಕದವರಿಗೆ ಇದನ್ನು ಹೇಳಿದರೆ ಎಲ್ಲವನ್ನೂ ಅರ್ಧಕ್ಕೆ ಇಳಿಸುತ್ತಾರೆ, ಭಾವವನ್ನೂ ಸೇರಿಸಿ. ಆಗ ಮುಖ ಸತ್ತಂತಾಗುತ್ತದೆ, ನಿರ್ದೇಶಕ ‘ಈಗ ಕಮ್ಮಿ ಆಯ್ತು’ ಅನ್ನುತ್ತಾನೆ. ಇಳಿಸಬೇಕಾದ್ದು ಭಾವವಲ್ಲ, ಅದನ್ನು ದಾಟಿಸಬೇಕಾದ ದೂರ. ರಂಗದ ಮೇಲೆ ನಿಮ್ಮ ದನಿ ಹದಿನೈದು ಇಪ್ಪತ್ತು ಮೀಟರ್ ಆಚೆಯ ಕೊನೆಯ ಸಾಲಿಗೆ ಹೋಗಬೇಕಿತ್ತು. ಇಲ್ಲಿ ಎದುರಿರುವ ಪಾತ್ರಕ್ಕೆ ಕೇಳಿಸಿದರೆ ಮುಗಿಯಿತು. ಆತ ಎರಡು ಅಡಿ ದೂರದಲ್ಲಿದ್ದರೆ ಎರಡು ಅಡಿಯ ದನಿ. ಪ್ರತಿ ಶಾಟ್‌ಗೆ ಮುಂಚೆ ಫ್ರೇಮ್ ಎಲ್ಲಿಂದ ಎಲ್ಲಿಗೆ ಎಂದು ಕ್ಯಾಮೆರಾ ಸಹಾಯಕರನ್ನು ಕೇಳಿ. ಇದನ್ನು ಕೇಳುವುದರಲ್ಲಿ ನಾಚಿಕೆಯಿಲ್ಲ, ಅನುಭವಿಗಳೆಲ್ಲ ಕೇಳುತ್ತಾರೆ. ಸೊಂಟದಿಂದ ಮೇಲೆ ಎಂದರೆ ಕೈಗಳಿಗೆ ಕೆಲಸವಿದೆ. ಗದ್ದದಿಂದ ಹಣೆಯವರೆಗೆ ಎಂದರೆ ಹುಬ್ಬು ಏರಿಸುವುದೇ ದೊಡ್ಡ ಹಾವಭಾವ.

ಕ್ಲೋಸಪ್‌ನಲ್ಲಿ ನಾಟಕದವರು ಮಾಡುವ ತಪ್ಪು ಮುಖ್ಯವಾಗಿ ಕಣ್ಣಿನದು. ಮಾತಾಡುವಾಗ ನಾವು ಎದುರಿನವರ ಎರಡು ಕಣ್ಣುಗಳ ನಡುವೆ ನೋಟ ಓಡಿಸುತ್ತಿರುತ್ತೇವೆ. ಎದುರಿಗೆ ಕೂತವರಿಗೆ ಅದು ಕಾಣುವುದಿಲ್ಲ, ಪರದೆಯ ಮೇಲೆ ಮಾತ್ರ ಕಣ್ಣು ಪಟಪಟ ಜಿಗಿದಂತೆ ಕಾಣುತ್ತದೆ. ಆದ್ದರಿಂದ ಸಹನಟನ ಒಂದೇ ಕಣ್ಣನ್ನು, ಕ್ಯಾಮೆರಾಗೆ ಹತ್ತಿರ ಇರುವ ಕಣ್ಣನ್ನು ಮಾತ್ರ ನೋಡಿ. ಮುಖದ ಹೆಚ್ಚು ಭಾಗ ಕ್ಯಾಮೆರಾಗೆ ಸಿಗುತ್ತದೆ, ನೋಟವೂ ನಿಲ್ಲುತ್ತದೆ. ಎರಡನೆಯ ತಪ್ಪು, ತನ್ನ ಮಾತು ಬರುವವರೆಗೆ ಸುಮ್ಮನೆ ಕಾಯುವುದು. ಎಡಿಟಿಂಗ್‌ನಲ್ಲಿ ಮಾತಾಡುವ ಮುಖದ ಜೊತೆ ಕೇಳಿಸಿಕೊಳ್ಳುವ ಮುಖವೂ ಬಳಕೆಯಾಗುತ್ತದೆ. ವಯಸ್ಸಾದ ಪಾತ್ರಗಳಿಗಂತೂ ಮಾತು ಕಡಿಮೆ, ಕೇಳಿಸಿಕೊಳ್ಳುವುದೇ ಜಾಸ್ತಿ.

ಇನ್ನೊಂದು ಲೆಕ್ಕ ಗೊತ್ತಿರಲಿ. ಫುಲ್‌ಫ್ರೇಮ್ (ದೊಡ್ಡ ಸೆನ್ಸರ್‌ನ) ಕ್ಯಾಮೆರಾದಲ್ಲಿ 85 ಮಿ.ಮೀ. ಲೆನ್ಸ್ ಹಾಕಿ, ಎಫ್ 2ರಲ್ಲಿ, ಅಂದರೆ ಲೆನ್ಸ್‌ನ ಕಿಂಡಿ ಅಗಲವಾಗಿ ತೆರೆದು, ಒಂದೂವರೆ ಮೀಟರ್ ದೂರದಿಂದ ನಿಮ್ಮ ಕ್ಲೋಸಪ್ ತೆಗೆಯುತ್ತಿದ್ದಾರೆ ಅಂದುಕೊಳ್ಳಿ. ಫೋಕಸ್‌ನಲ್ಲಿ ಉಳಿಯುವ ಆಳ ಸುಮಾರು 4 ಸೆಂ.ಮೀ. ಮಾತ್ರ. ಕಣ್ಣು ಸ್ಪಷ್ಟವಾಗಿದ್ದರೆ ಕಿವಿ ಆಗಲೇ ಮಸುಕು. ನಾಟಕದ ಅಭ್ಯಾಸದಂತೆ ಒತ್ತು ಕೊಡಬೇಕಾದ ಪದಕ್ಕೆ ತಲೆ ಮುಂದೆ ತಂದಿರೋ, ಒಳ್ಳೆಯ ಟೇಕ್ ಅಷ್ಟೂ ಮಂಜು. ತಪ್ಪು ನಿಮ್ಮದೆಂದು ಯಾರೂ ಹೇಳದೆ ‘ಟೆಕ್ನಿಕಲ್, ಒನ್ ಮೋರ್’ ಅನ್ನುತ್ತಾರೆ, ಏಳನೇ ಟೇಕ್‌ಗೆ ನಿಮ್ಮ ಶಕ್ತಿ ಇಳಿದಿರುತ್ತದೆ. ರಿಹರ್ಸಲ್‌ನಲ್ಲಿ ಮುಂದೆ ಬಾಗಿದ್ದರೆ ಟೇಕ್‌ನಲ್ಲೂ ಅದೇ ಪದಕ್ಕೆ ಅಷ್ಟೇ ಬಾಗಿ, ಬಾಗಿರದಿದ್ದರೆ ಬೇಡ. ಕುರ್ಚಿಯಿಂದ ಏಳುವ ಶಾಟ್ ಇದ್ದರೆ ಸಾಮಾನ್ಯಕ್ಕಿಂತ ತುಸು ನಿಧಾನವಾಗಿ ಏಳಿ. ಕ್ಯಾಮೆರಾ ನಿಮ್ಮ ಜೊತೆ ಮೇಲೇರಬೇಕು. ಮಂಡಿ ನೋವಿದ್ದವರಿಗೆ ಇದೊಂದು ಅನುಕೂಲ.

ನೆಲದ ಮೇಲೆ ಟೇಪ್ ಅಂಟಿಸಿದ ಗುರುತಿಗೆ ಬಂದು ನಿಲ್ಲುವುದು ಕನ್ನಡಕದವರಿಗೆ ಪೀಕಲಾಟ. ಕೆಳಗೆ ನೋಡಿದರೆ ಶಾಟ್ ಕೆಟ್ಟಿತು. ಉಪಾಯ ಹಳೆಯದು: ಮೊದಲು ಗುರುತಿನ ಮೇಲೆ ನಿಂತು, ಮಾತು ಹೇಳಿಕೊಳ್ಳುತ್ತಾ ಹಿಂದಕ್ಕೆ ಹೆಜ್ಜೆ ಎಣಿಸಿಕೊಂಡು ಆರಂಭದ ಜಾಗಕ್ಕೆ ಹೋಗಿ. ಐದೂವರೆ ಹೆಜ್ಜೆ ಬಂದರೆ ಆರಂಭದ ಜಾಗವನ್ನು ಅರ್ಧ ಹೆಜ್ಜೆ ಸರಿಸಿ ಐದು ಮಾಡಿಕೊಳ್ಳಿ. ಪಾದ ಫ್ರೇಮ್‌ನಲ್ಲಿ ಇಲ್ಲದಿದ್ದರೆ ಗುರುತಿನ ಜಾಗದಲ್ಲಿ ಮರಳಿನ ಸಣ್ಣ ಚೀಲ ಇಡಲು ಹೇಳಿ, ಕಾಲ್ಬೆರಳಿಗೆ ತಾಗಿದಾಗ ನಿಂತರಾಯಿತು.

ಮುಂದಿನದು ಕಂಟಿನ್ಯೂಟಿ, ಅಂದರೆ ಒಂದು ಶಾಟ್‌ನಲ್ಲಿ ಮಾಡಿದ್ದು ಇನ್ನೊಂದಕ್ಕೆ ಹೊಂದುವಂತೆ ನೋಡಿಕೊಳ್ಳುವುದು. ಇದರಲ್ಲಿ ಕೈಪಳಗಿದ ಹಿರಿಯ ನಟರನ್ನು ಸೆಟ್ ತಲೆಯ ಮೇಲೆ ಹೊತ್ತುಕೊಳ್ಳುತ್ತದೆ. ಒಂದು ಸೀನನ್ನು ಮೊದಲು ದೂರದಿಂದ ಪೂರ್ತಿ ತೆಗೆಯುತ್ತಾರೆ, ಆಮೇಲೆ ಹತ್ತಿರದಿಂದ ತುಂಡು ತುಂಡಾಗಿ. ಐದು ಕೋನ, ಕೋನಕ್ಕೆ ನಾಲ್ಕು ಟೇಕ್ ಎಂದರೂ ಇಪ್ಪತ್ತು ಸಲ. ದೂರದ ಶಾಟ್‌ನಲ್ಲಿ ಹುಮ್ಮಸ್ಸಿಗೆ ಬಿದ್ದು ಲೋಟ ಎತ್ತಿ, ಸೆರಗು ಸರಿಮಾಡಿ, ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿದರೆ ಅಷ್ಟೂ ಕೆಲಸವನ್ನು ಅದೇ ಪದಗಳ ಮೇಲೆ ಇನ್ನೂ ಹತ್ತೊಂಬತ್ತು ಸಲ ಮಾಡಬೇಕು. ಒಂದೇ ಕೆಲಸ ಆರಿಸಿಕೊಳ್ಳಿ, ಅದನ್ನು ಪದಕ್ಕೆ ಕಟ್ಟಿ. ಉದಾಹರಣೆಗೆ ಮಾತು ಹೀಗಿದೆ: ‘ಬಾಗಿಲು ಯಾಕೆ ತೆಗೆದೆ? ಯಾರೂ ಬರಲ್ಲ ಅಂತ ಹೇಳಿದ್ನಲ್ಲ.’ ‘ತೆಗೆದೆ’ಗೆ ಲೋಟ ಬಾಯಿಂದ ಇಳಿಯಬೇಕು, ‘ಹೇಳಿದ್ನಲ್ಲ’ಕ್ಕೆ ಮೇಜಿಗೆ ತಾಗಬೇಕು, ಬಲಗೈ. ಸ್ಕ್ರಿಪ್ಟ್‌ನ ಅಂಚಿನಲ್ಲಿ ಇಷ್ಟನ್ನು ಪೆನ್ಸಿಲ್‌ನಲ್ಲಿ ಗುರುತು ಮಾಡಿಕೊಂಡರೆ ಸಾಕು. ಲೋಟವನ್ನು ಪದದ ಮಧ್ಯೆ ಕುಕ್ಕಬೇಡಿ, ಆ ಸದ್ದು ಮಾತಿನ ಮೇಲೆ ಕೂತರೆ ಧ್ವನಿ ವಿಭಾಗದವರು ಬೇರೆ ಟೇಕ್ ಕೇಳುತ್ತಾರೆ. ತಿನ್ನುವ ಸೀನಾದರೆ ತೀರಾ ಸಣ್ಣ ತುತ್ತು, ‘ಕಟ್’ ಆದ ಕೂಡಲೇ ಉಗುಳಲು ಪಕ್ಕದಲ್ಲೊಂದು ಪಾತ್ರೆ. ಇಪ್ಪತ್ತು ತುತ್ತು ನುಂಗಿದರೆ ಮಧ್ಯಾಹ್ನಕ್ಕೆ ಏಳಲಾಗದು.

ಸತ್ಯಜಿತ್ ರಾಯ್ ನಿರ್ದೇಶಿಸಿದ ಬಂಗಾಳಿ ಚಿತ್ರ ‘ಪಥೇರ್ ಪಾಂಚಾಲಿ’ಯಲ್ಲಿ ಮುದುಕಿ ಇಂದಿರ್ ಠಾಕ್ರುಣ್ ಪಾತ್ರಧಾರಿ ಚುನಿಬಾಲಾ ದೇವಿ ಆಗ 80ರ ಆಸುಪಾಸಿನವರು, ಒಂದು ಕಾಲದ ರಂಗನಟಿ. ಹಣವಿಲ್ಲದೆ ನಿಂತು ನಿಂತು ಸಾಗಿದ ಆ ಚಿತ್ರೀಕರಣದಲ್ಲಿ ಗಂಟು ಯಾವ ಕೈಯಲ್ಲಿತ್ತು ಎಂಬಂಥ ವಿವರಗಳನ್ನು ಆಕೆಯೇ ನೆನಪಿಟ್ಟು ಹೇಳುತ್ತಿದ್ದುದನ್ನು ರಾಯ್ ಮೆಚ್ಚಿ ದಾಖಲಿಸಿದ್ದಾರೆ. ಬಾಗಿದ ಬೆನ್ನು, ಬೊಚ್ಚುಬಾಯಿ ಎಲ್ಲರಿಗೂ ಕಾಣುತ್ತದೆ. ಈ ಎಚ್ಚರ ಪರದೆಯ ಮೇಲೆ ಕಾಣುವುದಿಲ್ಲ, ಆದರೆ ಅದಿಲ್ಲದೆ ಆ ಪಾತ್ರ ತುಂಡು ತುಂಡಾಗಿರುತ್ತಿತ್ತು.

ಮಾತು ಮರೆಯುವುದು. ವಯಸ್ಸಾದಂತೆ ಕಲಿತದ್ದು ಅಳಿಸಿಹೋಗುವುದಕ್ಕಿಂತ ಬೇಕಾದ ಕ್ಷಣಕ್ಕೆ ಕೈಗೆ ಸಿಗುವುದು ತಡವಾಗುತ್ತದೆ. ಹಾಗಾಗಿ ‘ಇನ್ನೂ ಹತ್ತು ಸಲ ಓದಿಕೊಳ್ಳುತ್ತೇನೆ’ ಎಂಬುದು ದಂಡ. ಓದುವಾಗ ಗೊತ್ತಿದೆ ಅನಿಸುತ್ತದೆ, ಕಾಗದ ಮುಚ್ಚಿದರೆ ಬರುವುದಿಲ್ಲ. ನಾಟಕದಲ್ಲಿ ತಿಂಗಳ ತಾಲೀಮು ಇತ್ತು, ದೇಹವೇ ಮಾತನ್ನು ಕಲಿಯುತ್ತಿತ್ತು. ಇಲ್ಲಿ ಮೂರು ಪುಟ ಹಿಂದಿನ ರಾತ್ರಿ ಬರುತ್ತದೆ, ಬೆಳಿಗ್ಗೆ ಮೇಕಪ್ ಕುರ್ಚಿಯಲ್ಲಿ ಅದರ ಅರ್ಧ ಬದಲಾಗುತ್ತದೆ.

ಐದು ದಿನ ಇದ್ದರೆ ಹೀಗೆ ಮಾಡಿ. ಮೊದಲ ದಿನ ಮಾತು ಮುಟ್ಟಬೇಡಿ, ಪಾತ್ರ ಏನು ಕೇಳುತ್ತಿದೆ, ಯಾಕೆ ಎಂಬುದನ್ನು ಪ್ರತಿ ಮಾತಿನ ಪಕ್ಕ ಮೂರೇ ಪದದಲ್ಲಿ ಬರೆಯಿರಿ. ಎರಡನೇ ದಿನ ಎದುರಿನ ಪಾತ್ರದ ಕೊನೆಯ ಎರಡು ಪದ ಮತ್ತು ನಿಮ್ಮ ಮೊದಲ ಎರಡು ಪದ, ಈ ಕೊಂಡಿಗಳನ್ನಷ್ಟೇ ಕಲಿಯಿರಿ. ತೊಡರುವುದು ಹೆಚ್ಚಾಗಿ ಮಾತಿನ ನಡುವೆ ಅಲ್ಲ, ಮಾತು ಶುರುವಾಗುವಲ್ಲಿ. ಮೂರನೇ ದಿನ ನಿಮ್ಮ ಮಾತಿನ ಪ್ರತಿ ಪದದ ಮೊದಲ ಅಕ್ಷರ ಮಾತ್ರ ಒಂದು ಚೀಟಿಗೆ ಬರೆದು (‘ಬಾ ಯಾ ತೆ, ಯಾ ಬ ಅಂ ಹೇ’) ಅದನ್ನು ನೋಡಿಕೊಂಡು ಹೇಳಿ. ಇದು ಓದುವುದಕ್ಕೂ ನೆನಪಿಸಿಕೊಳ್ಳುವುದಕ್ಕೂ ನಡುವಿನ ಮೆಟ್ಟಿಲು. ನಾಲ್ಕನೇ ದಿನ ಎದುರಿನವರ ಮಾತನ್ನು ಫೋನ್‌ನಲ್ಲಿ ರೆಕಾರ್ಡ್ ಮಾಡಿ, ನಿಮ್ಮ ಮಾತಿಗೆ ಮೌನದ ಜಾಗ ಬಿಟ್ಟು, ಪಾತ್ರೆ ತೊಳೆಯುತ್ತಲೋ ಬಟ್ಟೆ ಮಡಚುತ್ತಲೋ ಹೇಳಿ. ಕೈಗೆ ಬೇರೆ ಕೆಲಸವಿದ್ದೂ ಮಾತು ಬಂದರೆ ಅದು ನಿಂತಿದೆ ಎಂದರ್ಥ. ಐದನೇ ದಿನ ಭಾವ ಏನೂ ಹಾಕದೆ ಆದಷ್ಟು ವೇಗವಾಗಿ ಎರಡು ಸಲ, ಆಮೇಲೆ ಬಿಟ್ಟುಬಿಡಿ. ಪ್ರತಿ ದಿನ ಕೊನೆಯ ಸುತ್ತು ಮಲಗುವ ಮುನ್ನ ಇರಲಿ, ನಿದ್ದೆ ಅದನ್ನು ಗಟ್ಟಿ ಮಾಡುತ್ತದೆ. ಎಲ್ಲ ದಿನವೂ ಕಲಿಯುವಾಗ ದನಿಯ ಏರಿಳಿತ ಕೂಡಿಸಬೇಡಿ. ಕೂಡಿಸಿದರೆ ಮಾತು ಆ ರಾಗದಲ್ಲೇ ಹೆಪ್ಪುಗಟ್ಟುತ್ತದೆ, ನಿರ್ದೇಶಕ ‘ಕೋಪ ಬೇಡ, ನಗುತ್ತಾ ಹೇಳಿ’ ಅಂದ ಕೂಡಲೇ ಪದಗಳೂ ಉದುರಿಹೋಗುತ್ತವೆ.

ಟೇಕ್ ನಡುವೆ ಮರೆತರೆ ‘ಸಾರಿ’ ಬೇಡ, ಕ್ಯಾಮೆರಾ ಕಡೆ ನೋಡುವುದಂತೂ ಬೇಡವೇ ಬೇಡ. ಪಾತ್ರದ ಮುಖದಲ್ಲೇ ಇದ್ದು ‘ಲೈನ್’ ಎನ್ನಿ. ಸಹಾಯಕರು ಹೇಳಿದ ಮೇಲೆ ಹಿಂದಿನ ವಾಕ್ಯದಿಂದ ಹಿಡಿದು ಮುಂದುವರಿಸಿ. ಎಡಿಟರ್‌ಗೆ ಅದು ಪೂರ್ತಿ ಬಳಸಬಹುದಾದ ಟೇಕ್. ತೀರಾ ಉದ್ದದ ಮಾತಿದ್ದರೆ ಕ್ಯಾಮೆರಾ ಪಕ್ಕದಲ್ಲಿ ದೊಡ್ಡಕ್ಷರದ ಹಲಗೆ ಹಿಡಿಯಲು ಮೊದಲೇ ಕೇಳಿಕೊಳ್ಳಿ. ಅಮೆರಿಕದ ‘ದ ಗೋಲ್ಡನ್ ಗರ್ಲ್ಸ್’ ಟಿವಿ ಧಾರಾವಾಹಿ 1985ರಲ್ಲಿ ಶುರುವಾದಾಗ 62ರಲ್ಲಿದ್ದ ಎಸ್ಟೆಲ್ ಗೆಟ್ಟಿಗೆ ಮಾತು ಮರೆಯುವ ಭಯ ಬೆನ್ನು ಬಿಡಲಿಲ್ಲ, ನಂತರದ ಸೀಸನ್‌ಗಳಲ್ಲಿ ಅಂಥ ಹಲಗೆ ನೋಡಿಕೊಂಡೇ ಮಾಡಿದರು. 1988ರಲ್ಲಿ ಅದೇ ಪಾತ್ರಕ್ಕೆ ಅಲ್ಲಿನ ಟಿವಿಯ ದೊಡ್ಡ ಪ್ರಶಸ್ತಿಯಾದ ಎಮ್ಮಿಯೂ ಬಂತು. ಅವರಿಗಿದ್ದದ್ದು ಲೂವಿ ಬಾಡಿ ಎಂಬ ಮರೆವಿನ ಕಾಯಿಲೆ ಎಂಬುದು ಬಹಳ ತಡವಾಗಿ ತಿಳಿಯಿತು. ನಿಮಗೆ ಮಾತು ಮಾತ್ರವಲ್ಲ, ದಿನನಿತ್ಯದ ಹೆಸರು, ದಾರಿ, ಔಷಧಿಯ ಹೊತ್ತು ಕೂಡ ತಪ್ಪುತ್ತಿದ್ದರೆ ಅದು ನಟನೆಯ ಪ್ರಶ್ನೆಯಲ್ಲ, ವೈದ್ಯರನ್ನು ಕಾಣಿ. ಒಂದು ದಿನ ಸೆಟ್‌ನಲ್ಲಿ ತಡವರಿಸಿದ್ದಕ್ಕೆ ಅಷ್ಟು ಹೆದರಬೇಕಿಲ್ಲ.

ಇದೇ ಗೆಟ್ಟಿಯಿಂದ ಇನ್ನೊಂದು ಪಾಠ. ಆ ಧಾರಾವಾಹಿಯಲ್ಲಿ ಅವರು ತಾಯಿಯಾಗಿ ನಟಿಸಿದ್ದು ತಮಗಿಂತ ಒಂದು ವರ್ಷ ದೊಡ್ಡವರಾದ ನಟಿ ಬೀ ಆರ್ಥರ್‌ಗೆ. ಮೊದಲ ಸೀಸನ್ ಮುಗಿದ ಮೇಲೆ ಮುಖದ ಚರ್ಮ ಬಿಗಿಗೊಳಿಸುವ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡರು, ಎಂಬತ್ತರ ಮುದುಕಿ ಮಾಡಲು ಮೇಕಪ್‌ನವರಿಗೆ ದುಪ್ಪಟ್ಟು ಕೆಲಸವಾಯಿತು. ಸುಕ್ಕು ನಿಮ್ಮ ಬಂಡವಾಳ. ಹಣೆಗೆ ಚುಚ್ಚಿಸಿಕೊಳ್ಳುವ ಬೊಟಾಕ್ಸ್ ಮೂರು ನಾಲ್ಕು ತಿಂಗಳು ಹುಬ್ಬನ್ನು ಅಲ್ಲಾಡಲು ಬಿಡುವುದಿಲ್ಲ, ಕ್ಲೋಸಪ್‌ನಲ್ಲಿ ನಿಮ್ಮ ದೊಡ್ಡ ಆಯುಧವೇ ಆ ಹುಬ್ಬು ಎಂದು ಆಗಲೇ ಹೇಳಿದ್ದೇನೆ. ಕೂದಲಿಗೆ ಬಣ್ಣ ಹಚ್ಚುವ ರೂಢಿ ಇದ್ದರೆ ಈಗಲೇ ನಿಲ್ಲಿಸಿ. ಕೂದಲು ತಿಂಗಳಿಗೆ ಹೆಚ್ಚು ಕಡಿಮೆ 1 ಸೆಂ.ಮೀ. ಬೆಳೆಯುತ್ತದೆ. ಮೂರು ವಾರದ ಚಿತ್ರೀಕರಣದಲ್ಲಿ ಬೈತಲೆಯ ಬಿಳಿ ಗೆರೆ ಸೀನಿನಿಂದ ಸೀನಿಗೆ ದಪ್ಪವಾಗುತ್ತಾ ಹೋಗಿ ಎಲ್ಲರ ತಲೆ ತಿನ್ನುತ್ತದೆ.

ಕಟ್ಟಿಸಿದ ಹಲ್ಲನ್ನು ಮುಚ್ಚಿಡಬೇಡಿ. ತೆಗೆದು ಹಾಕುವಂಥದ್ದಾದರೆ ಎರಡು ಮುಖ ನಿಮ್ಮ ಬಳಿ ಇವೆ ಎಂದು ಹೇಳಿ. ಜಪಾನಿನ ನಟಿ ಕಿರಿನ್ ಕಿಕಿ 2018ರ ‘ಶಾಪ್‌ಲಿಫ್ಟರ್ಸ್’ನಲ್ಲಿ ಹಲ್ಲಿನ ಸೆಟ್ ತೆಗೆದಿಟ್ಟೇ ನಟಿಸಿದರು. ಆ ಮುಖ ಆ ಚಿತ್ರದ ನೆನಪಾಗಿ ಉಳಿಯಿತು. (1974ರಲ್ಲಿ, ಇನ್ನೂ 31ರ ಹರೆಯದಲ್ಲಿ, ಟಿವಿ ಧಾರಾವಾಹಿಯೊಂದರಲ್ಲಿ ಅಜ್ಜಿಯ ಪಾತ್ರ ಹಿಡಿದ ಹೆಂಗಸು ಅವರು, ಚೆಂದ ಕಾಣುವ ಹಂಗು ಅಂದೇ ಬಿಟ್ಟಂತಿತ್ತು.) ಹಲ್ಲು ಹಾಕಿಕೊಂಡು ಮಾತಾಡುವಾಗ ಟಕ್ ಎನ್ನುವ ಸದ್ದು, ‘ಸ’ ‘ಶ’ಗಳಲ್ಲಿ ಸಿಳ್ಳೆ ಬರುತ್ತಿದೆಯೇ ಎಂದು ಮಾತ್ರ ನೋಡಿಕೊಳ್ಳಿ. ಎದೆಯ ಮೇಲಿನ ಮೈಕ್ ಅದನ್ನು ಬಿಡದೆ ಹಿಡಿಯುತ್ತದೆ. ಸಡಿಲವಿದ್ದರೆ ದಂತವೈದ್ಯರ ಬಳಿ ಒಳಪದರ ಸರಿಮಾಡಿಸಿ, ಚಿತ್ರೀಕರಣದ ದಿನ ಅಂಟು ಹಚ್ಚಿ. ರಕ್ತದೊತ್ತಡ, ಅಲರ್ಜಿಯ ಕೆಲವು ಮಾತ್ರೆಗಳಿಂದ ಬಾಯಿ ಒಣಗಿ ನಾಲಿಗೆ ಚಟಚಟ ಅನ್ನುತ್ತದೆ. ಟೇಕ್‌ಗೆ ಮುನ್ನ ಒಂದು ಗುಟುಕು ನೀರು ಅಥವಾ ಹುಳಿ ಸೇಬಿನ ತುಂಡು, ಡಬ್ಬಿಂಗ್ ಕಲಾವಿದರು ಮಾಡುವುದೂ ಅದನ್ನೇ. ಮಾತ್ರೆಯ ಹೊತ್ತು ನೀವಾಗಿ ಬದಲಿಸಬೇಡಿ. ಗಂಜಿ ಹಾಕಿದ ಬಟ್ಟೆ, ಸಿಂಥೆಟಿಕ್, ಕೈತುಂಬ ಬಳೆ ಎಲ್ಲವೂ ಸದ್ದು ಮಾಡುತ್ತವೆ. ಶ್ರವಣಸಾಧನ ಇರುವವರು ಧ್ವನಿ ವಿಭಾಗಕ್ಕೆ ಬೆಳಿಗ್ಗೆಯೇ ಹೇಳಬೇಕು. ಹಳೆಯ ಕಾಲದ ಕತೆಯಾಗಿ ಅದನ್ನು ತೆಗೆಯಬೇಕಾದರೆ ಮಾತಿನ ಸೂಚನೆಯನ್ನು ಕಿವಿಯಿಂದಲ್ಲ, ಸಹನಟರ ಕೈ ಚಲನೆಯಿಂದ ತೆಗೆದುಕೊಳ್ಳುವಂತೆ ಮೊದಲೇ ಮಾತಾಡಿಕೊಳ್ಳಬೇಕು.

ಎಲ್ಲಿಂದ ಶುರು? ಆರು ತಿಂಗಳ ನಟನಾ ಕೋರ್ಸಿಗೆ ದುಡ್ಡು ಸುರಿಯುವುದನ್ನು ನಾನು ಒಪ್ಪುವುದಿಲ್ಲ. ಎರಡು ಮೂರು ದಿನದ ಕ್ಯಾಮೆರಾ ತರಬೇತಿ ಸಾಕು, ಆಮೇಲೆ ಐದಾರು ವಿದ್ಯಾರ್ಥಿ ಚಿತ್ರ. ಮಾಸ್ಟರ್ ಶಾಟ್ (ಇಡೀ ಸೀನಿನ ದೂರದ ಶಾಟ್), ಕ್ಲೋಸಪ್, ನೆಲದ ಗುರುತು, ಕಾಯುವುದು ಎಲ್ಲ ಅಲ್ಲೂ ಇದೆ. ದುಡ್ಡಿಲ್ಲದಿದ್ದರೆ ಹೋಗಲಿ, ನಿಮ್ಮ ಸೀನುಗಳ ಪ್ರತಿಯನ್ನು ಎಷ್ಟು ವಾರದಲ್ಲಿ ಕೊಡುತ್ತೇವೆ ಎಂಬುದನ್ನು ಒಂದು ಸಾಲಲ್ಲಿ ಬರೆಸಿಕೊಳ್ಳಿ. ಪರೀಕ್ಷೆ ಮುಗಿದ ಮೇಲೆ ಆ ಮಕ್ಕಳು ಕೈಗೆ ಸಿಗುವುದಿಲ್ಲ.

ಆ ಸೀನುಗಳಿಂದ ಶೋರೀಲ್, ಅಂದರೆ ನಿಮ್ಮ ನಟನೆಯ ಮಾದರಿ ವಿಡಿಯೊ, ಕಟ್ಟಿ: 60ರಿಂದ 90 ಸೆಕೆಂಡು, ಮೂರು ತುಣುಕು, ಮೊದಲ ಫ್ರೇಮ್‌ನಲ್ಲೇ ನಿಮ್ಮ ಮುಖ. ಸಂಗೀತ ಹಾಕಿದ ಚಿತ್ರಮಾಲೆ ಬೇಡ, ನಾಟಕದ ವಿಡಿಯೊ ಖಂಡಿತ ಬೇಡ. ಅದೇ ‘ಜಾಸ್ತಿ’ ಎಂಬ ಹಣೆಪಟ್ಟಿ ಮತ್ತೆ ಅಂಟುತ್ತದೆ. ಫೋಟೊ ಎರಡು ಮೂರು, ಒಂದು ವರ್ಷದೊಳಗಿನವು, ಸುಕ್ಕು ಅಳಿಸದವು.

ಈಗ ಮೊದಲ ಆಡಿಷನ್ ಬಹುಪಾಲು ಮನೆಯಲ್ಲೇ ಮಾಡಿ ಕಳಿಸುವ ವಿಡಿಯೊ. ಫೋನ್ ಅಡ್ಡಡ್ಡ, ಕಣ್ಣಿನ ಮಟ್ಟಕ್ಕೆ. ಹತ್ತಿರ ಇಟ್ಟರೆ ಫೋನಿನ ಅಗಲ ಲೆನ್ಸ್ ಮೂಗನ್ನು ಉಬ್ಬಿಸಿ ಕಿವಿಯನ್ನು ಹಿಂದಕ್ಕೆ ತಳ್ಳುತ್ತದೆ, ಆದ್ದರಿಂದ ಒಂದೂವರೆ ಎರಡು ಮೀಟರ್ ದೂರವಿಟ್ಟು ಫೋನಿನ 2 ಪಟ್ಟು (2x) ಲೆನ್ಸ್ ಬಳಸಿ. ಎದೆಯಿಂದ ಮೇಲೆ ಫ್ರೇಮ್, ಹಿಂದೆ ಖಾಲಿ ಗೋಡೆ, ಗೋಡೆಯಿಂದ ಒಂದು ಮೀಟರ್ ಮುಂದೆ ಕೂರಿ. ಬೆಳಕು ಮುಖದ ಮುಂದೆ ಒಂದು ಪಕ್ಕ, 45 ಡಿಗ್ರಿಯಲ್ಲಿ, ಕಣ್ಣಿಗಿಂತ ತುಸು ಮೇಲೆ. ನೇರ ತಲೆಯ ಮೇಲಿನ ದೀಪ ಕಣ್ಣುಗುಳಿಯನ್ನು ಕಪ್ಪಗೆ ಮಾಡುತ್ತದೆ, ವಯಸ್ಸಾದ ಮುಖಕ್ಕೆ ಅದಕ್ಕಿಂತ ಕೆಟ್ಟ ಬೆಳಕಿಲ್ಲ. ಕನ್ನಡಕದಲ್ಲಿ ದೀಪ ಹೊಳೆದರೆ ದೀಪವನ್ನು ಇನ್ನೂ ಮೇಲಕ್ಕೆ ಸರಿಸಿ, ಇಲ್ಲವೇ ಕನ್ನಡಕದ ಕಡ್ಡಿಯನ್ನು ಕಿವಿಯ ಹತ್ತಿರ ಕೂದಲೆಳೆಯಷ್ಟು ಎತ್ತಿ, ಗಾಜು ಕೆಳಕ್ಕೆ ಬಾಗುತ್ತದೆ. ಎದುರಿನ ಮಾತು ಓದುವವರು ಫೋನಿನ ಪಕ್ಕಕ್ಕೇ, ಒಂದು ಗೇಣು ಆಚೆ ಇರಲಿ, ನಿಮಗಿಂತ ಮೆಲ್ಲಗೆ ಓದಲಿ. ಎರಡು ಟೇಕ್ ಕಳಿಸುವುದಾದರೆ ಎರಡೂ ಬೇರೆ ಬೇರೆ ಅರ್ಥದ್ದಿರಲಿ. ಹೆಸರು, ಎತ್ತರ ಹೇಳುವ ತುಣುಕು ಬೇರೆ, ಅದರಲ್ಲಿ ತಲೆಯಿಂದ ಪಾದದವರೆಗೆ ನಿಂತು ತೋರಿಸಿ. ಎತ್ತರದಲ್ಲಿ ಒಂದು ಇಂಚೂ ಸೇರಿಸಬೇಡಿ, ನಿಮ್ಮನ್ನು ಕರೆಯುವುದೇ ಅದಕ್ಕೆ.

‘ಮಾಡಬಲ್ಲಿರಾ?’ ಎಂಬ ಪ್ರಶ್ನೆಗೆ ಸುಳ್ಳು ಹೇಳುವ ಚಟ ಚಿಕ್ಕವರಿಗೆ ನಡೆಯುತ್ತದೆ, ನಮ್ಮ ವಯಸ್ಸಿಗೆ ಮೂಳೆ ಮುರಿಸುತ್ತದೆ. ತುಂಬಿದ ಕೊಡ ಹೊತ್ತು ಮೆಟ್ಟಿಲು ಹತ್ತುವ ಶಾಟ್ ಎಂದರೆ ಕೊಡ ಖಾಲಿ ಇರಬಹುದೇ, ಎಷ್ಟು ಸಲ ಹತ್ತಬೇಕು ಎಂದು ಕೇಳಿ. ಹನ್ನೆರಡು ಗಂಟೆಯ ದಿನದಲ್ಲಿ ಕ್ಯಾಮೆರಾ ನಿಮ್ಮ ಮೇಲೆ ಓಡುವುದು ಒಟ್ಟು ಒಂದು ಗಂಟೆ ಇದ್ದರೆ ಹೆಚ್ಚು. ಉಳಿದದ್ದು ಕಾಯುವುದು. ಲೈಟಿಂಗ್ ಹೊಂದಿಸುವಾಗ ನಿಮ್ಮ ಜಾಗದಲ್ಲಿ ಬೇರೆಯವರನ್ನು ನಿಲ್ಲಿಸಲು ಹೇಳಿ, ನೀವು ಕೂರಿ. ಸಕ್ಕರೆ ಕಾಯಿಲೆ, ಹೃದಯದ ತೊಂದರೆ, ತೆಗೆದುಕೊಳ್ಳುವ ಔಷಧಿ ಬರೆದ ಚೀಟಿ ಬ್ಯಾಗಿನಲ್ಲಿರಲಿ, ಮುಖ್ಯ ಸಹಾಯಕ ನಿರ್ದೇಶಕರಿಗೆ ಒಬ್ಬರಿಗೆ ಗೊತ್ತಿರಲಿ.

ದುಡ್ಡು ಕಾಗದದ ವಿಷಯ. ಕೆಲಸ ಕೊಡುವವರು ನಿಮ್ಮಿಂದ ನೋಂದಣಿ ಶುಲ್ಕ, ಪೋರ್ಟ್‌ಫೋಲಿಯೊ ಶುಲ್ಕ ಕೇಳುವುದಿಲ್ಲ. ಏಜೆಂಟ್ ತೆಗೆದುಕೊಳ್ಳುವುದು ನಿಮಗೆ ಬಂದ ಸಂಭಾವನೆಯ ಪಾಲು, ಬರುವ ಮೊದಲಿನದಲ್ಲ. ಏಜೆಂಟ್ ಇಲ್ಲದೆಯೂ ನಡೆಯುತ್ತದೆ. ಕಿರಿನ್ ಕಿಕಿ ಮ್ಯಾನೇಜರ್ ಇಟ್ಟುಕೊಳ್ಳದೆ ಫ್ಯಾಕ್ಸ್, ಆನ್ಸರಿಂಗ್ ಮೆಷಿನ್ ಮೂಲಕವೇ ಕೆಲಸ ಒಪ್ಪಿಕೊಳ್ಳುತ್ತಿದ್ದರು. ಜಾಹೀರಾತಿನಲ್ಲಿ ಮಾತ್ರ ಸಂಭಾವನೆಯ ಮೊತ್ತಕ್ಕಿಂತ ಅದರ ಸುತ್ತಲಿನ ಷರತ್ತು ನೋಡಿ: ಎಷ್ಟು ತಿಂಗಳು, ಯಾವ್ಯಾವ ಮಾಧ್ಯಮ, ಯಾವ ದೇಶಗಳಲ್ಲಿ, ಆ ಅವಧಿಯಲ್ಲಿ ಬೇರೆ ಯಾವ ಬಗೆಯ ಸರಕಿಗೆ ನೀವು ಮುಖ ಕೊಡುವಂತಿಲ್ಲ. 1984ರಲ್ಲಿ ವೆಂಡೀಸ್ ಬರ್ಗರ್ ಜಾಹೀರಾತಿನ ಒಂದೇ ಸಾಲಿನಿಂದ 81ರ ಕ್ಲಾರಾ ಪೆಲ್ಲರ್ ಅಮೆರಿಕದಲ್ಲಿ ಮನೆಮಾತಾದರು. ಮರುವರ್ಷ ಪಾಸ್ತಾ ಸಾಸ್ ಒಂದರ ಜಾಹೀರಾತಿನಲ್ಲಿ ಕಾಣಿಸಿಕೊಂಡಿದ್ದಕ್ಕೆ ವೆಂಡೀಸ್ ಅವರನ್ನು ಕೈಬಿಟ್ಟಿತು. ಈಗ ಸೇರಿರುವ ಹೊಸ ಷರತ್ತು ಮುಖ ಮತ್ತು ದನಿಯ ಡಿಜಿಟಲ್ ನಕಲಿನದು. 2023ರಲ್ಲಿ ಅಮೆರಿಕದ ನಟರ ಸಂಘ 118 ದಿನ ಮುಷ್ಕರ ಮಾಡಿದ್ದರ ಒಂದು ಕಾರಣ ಅದೇ. ‘ಮುಂದೆ ಬರುವ ಯಾವುದೇ ತಂತ್ರಜ್ಞಾನದಲ್ಲಿ, ಎಂದೆಂದಿಗೂ’ ಎಂಬಂಥ ಸಾಲು ಕಂಡರೆ ಹೊಡೆದುಹಾಕಿಸಿ, ಇಲ್ಲವೇ ಪ್ರತಿ ಬಳಕೆಗೂ ನಿಮ್ಮ ಒಪ್ಪಿಗೆ, ಪ್ರತ್ಯೇಕ ಸಂಭಾವನೆ ಎಂದು ಬರೆಸಿ.

ಒಂದೇ ಥರದ ಪಾತ್ರ ಬರುತ್ತದಲ್ಲ ಎಂದು ಶುರುವಿನಲ್ಲಿ ಕೊರಗಬೇಡಿ. ಆ ಕಾಲಕ್ಕೆ ಅದೇ ಅನ್ನ. ದಕ್ಷಿಣ ಕೊರಿಯಾದ ಯೂನ್ ಯೊ-ಜೊಂಗ್ ಎಳೆ ವಯಸ್ಸಿಗೇ ಹೆಸರು ಮಾಡಿ, ಅಮೆರಿಕಕ್ಕೆ ಹೋಗಿ ಹತ್ತು ವರ್ಷದ ಮೇಲೆ ಮರಳಿದವರು. ವಿಚ್ಛೇದನದ ನಂತರ ಇಬ್ಬರು ಮಕ್ಕಳನ್ನು ಸಾಕಲು ಸಿಕ್ಕಿದ ಸಣ್ಣ ಪಾತ್ರಗಳನ್ನೆಲ್ಲ ಒಪ್ಪಿಕೊಂಡರು. 2021ರಲ್ಲಿ, 73ರ ವಯಸ್ಸಿನಲ್ಲಿ, ‘ಮಿನಾರಿ’ಯ ಅಜ್ಜಿಗೆ ಆಸ್ಕರ್ ಬಂತು. ಅಜ್ಜಿ ಎಂದರೆ ಒಂದೇ ಅಜ್ಜಿಯಲ್ಲ ಎನ್ನುವುದಕ್ಕೆ ಆ ಪಾತ್ರ ನೋಡಿ. ಕೈಯಲ್ಲಿ ಇಸ್ಪೀಟು, ಬಾಯಲ್ಲಿ ಬೈಗುಳ.

ಮೊದಲ ವರ್ಷಗಳಲ್ಲಿ ನಿಮಗೆ ಹೆಚ್ಚು ಬರುವುದು ಹಾಸಿಗೆ ಹಿಡಿದವರ, ಸಾಯುವವರ ಪಾತ್ರ. ಮಾತಿಲ್ಲ ಸುಲಭ ಎನ್ನುತ್ತಾರೆ, ಸುಲಭವಲ್ಲ. ಹೆಣವಾಗಿ ಮಲಗುವ ಶಾಟ್ ಸಾಮಾನ್ಯವಾಗಿ ಅರ್ಧ ನಿಮಿಷದೊಳಗಿರುತ್ತದೆ. ‘ರೋಲ್’ ಅನ್ನುವಾಗ ಎರಡು ಮೂರು ಸಲ ಆಳವಾಗಿ ಉಸಿರಾಡಿ, ‘ಆಕ್ಷನ್’ಗೆ ಮುಂಚೆ ಅರ್ಧ ಉಸಿರು ಹೊರಬಿಟ್ಟು ನಿಲ್ಲಿಸಿ. ತುಂಬಿಕೊಂಡು ನಿಲ್ಲಿಸಿದರೆ ಎದೆ ಏರಿ ನಿಂತಿರುತ್ತದೆ, ಗಂಟಲು ಮಿಡುಕುತ್ತದೆ. ಮುಚ್ಚಿದ ರೆಪ್ಪೆಯ ಹಿಂದೆ ಕಣ್ಣುಗುಡ್ಡೆ ಓಡಾಡಿದರೆ ಹೊರಗೆ ಕಾಣುತ್ತದೆ, ರೆಪ್ಪೆಯೊಳಗೆ ಕೆಳಕ್ಕೆ, ಪಾದದ ಕಡೆಗೆ ‘ನೋಡುತ್ತಾ’ ಇದ್ದರೆ ಅದು ನಿಲ್ಲುತ್ತದೆ. ಯಾರಾದರೂ ಮೈಮೇಲೆ ಬಿದ್ದು ಅಳುವ ಸೀನಾದರೆ ಅವರ ಭಾರ ನಿಮ್ಮ ಪಕ್ಕೆಲುಬಿನ ಮೇಲಲ್ಲ, ಮಂಚದ ಮೇಲೆ ಊರಿದ ಅವರ ಮೊಣಕೈ ಮೇಲೆ ಬೀಳುವಂತೆ ರಿಹರ್ಸಲ್‌ನಲ್ಲೇ ಹೊಂದಿಸಿ. ಡ್ರಿಪ್ ಸೂಜಿ ಯಾವ ಕೈಗೆ ಅಂಟಿಸಿದ್ದರು ಎಂದು ಫೋನಿನಲ್ಲಿ ಒಂದು ಫೋಟೊ ತೆಗೆಸಿಕೊಳ್ಳಿ. ‘ಕಟ್’ ಎಂದ ಕೂಡಲೇ ತಟ್ಟನೆ ಏಳಬೇಡಿ. ಅರ್ಧ ಗಂಟೆ ಅಲ್ಲಾಡದೆ ಮಲಗಿದ್ದವರಿಗೆ ರಕ್ತದೊತ್ತಡ ಇಳಿದು ಕಣ್ಣು ಕತ್ತಲೆ ಬರುತ್ತದೆ. ಮಂಚದ ಅಂಚಿನಲ್ಲಿ ಕಾಲು ಇಳಿಬಿಟ್ಟು ಒಂದು ನಿಮಿಷ ಕೂತು, ಕನ್ನಡಕ ಕೇಳಿ ಹಾಕಿಕೊಂಡು, ಆಮೇಲೆ ಇಳಿಯಿರಿ. ಕೆಳಗೆ ನೆಲದ ತುಂಬ ಕೇಬಲ್ ಇರುತ್ತದೆ.